ಬ್ಯಾಂಕ್ ಮೇಲಿನ ರಿಟ್ ‘ಇನ್‌ಫ್ರಕ್ಚುಯಸ್’ ಆಗುವ ಮುಂಚೆ ಏನು ಮಾಡಬೇಕು

ಬ್ಯಾಂಕ್ ಮೇಲೆ ಹೈಕೋರ್ಟ್‌ನಲ್ಲಿ ರಿಟ್, ಅಂದರೆ ಬ್ಯಾಂಕಿಗೆ ನೇರವಾಗಿ ಆದೇಶ ಕೊಡಿ ಅನ್ನುವ ಅರ್ಜಿ, ಹಾಕಿದ್ದೀರಾ? ಹಾಗಾದ್ರೆ ಇನ್‌ಫ್ರಕ್ಚುಯಸ್ ಅನ್ನುವ ಪದ ಈಗಲೇ ಗೊತ್ತಿರಲಿ. ನೀವು ಕೇಳಿದ್ದರಲ್ಲಿ ಕೊಡಲು ಏನೂ ಉಳಿದಿಲ್ಲ, ಫೈಲ್ ಮುಚ್ಚಿ ಅಂತ ಅರ್ಥ. ಯಾರದು ತಪ್ಪು ಅನ್ನುವ ತೀರ್ಪು ಬರುವುದೇ ಇಲ್ಲ.

ನಮ್ಮ ಮನೆಯಲ್ಲೇ ಆಗಿದ್ದು ಕೇಳಿ. ಸಾಲ ಪೂರ್ತಿ ತೀರಿಸಿ ಏಳು ತಿಂಗಳಾದರೂ ಒಂದು ಸರ್ಕಾರಿ ಬ್ಯಾಂಕ್ ಮನೆ ಪತ್ರ ವಾಪಸ್ ಕೊಟ್ಟಿರಲಿಲ್ಲ. ರಿಟ್ ಹಾಕಿದೆವು, ನೋಟಿಸ್ ಹೋಯಿತು, ವಿಚಾರಣೆಗೆ ಎರಡು ದಿನ ಇದೆ ಅನ್ನುವಾಗ ಬ್ರಾಂಚಿನಿಂದ ಫೋನ್, ‘ಬಂದು ಪತ್ರ ತಗೊಂಡು ಹೋಗಿ ಸರ್’. ಅಪ್ಪ ಖುಷಿಯಲ್ಲಿ ಹೋಗಿ ತೋರಿಸಿದ ಕಡೆಯೆಲ್ಲ ಸಹಿ ಹಾಕಿ ಬಂದರು. ಬ್ಯಾಂಕಿನ ವಕೀಲರು ಅದೇ ರಸೀದಿ ಇಟ್ಟು ‘ಕೇಳಿದ್ದು ಕೊಟ್ಟಾಗಿದೆ’ ಅಂತ ಕೋರ್ಟಿಗೆ ಮೆಮೊ ಹಾಕಿದರು. ಎರಡು ನಿಮಿಷ, ಕೇಸ್ ಮುಗಿಯಿತು.

ಹೋಗಿದ್ದು ಎಷ್ಟು ಗೊತ್ತಾ? ಆರ್‌ಬಿಐ 2023ರ ಸೆಪ್ಟೆಂಬರ್ 13ರಂದು ಹೊರಡಿಸಿದ ಸೂಚನೆಯ ಪ್ರಕಾರ ಸಾಲ ತೀರಿದ 30 ದಿನದೊಳಗೆ ಪತ್ರ ಕೊಡಬೇಕು, ಬ್ಯಾಂಕಿನ ಕಾರಣದಿಂದಲೇ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ. ಮೊದಲ 30 ದಿನ ಬಿಟ್ಟರೂ 180 ದಿನಕ್ಕೆ 9 ಲಕ್ಷ! ನಮ್ಮ ಅರ್ಜಿಯಲ್ಲಿ ‘ಪತ್ರ ಕೊಡಿಸಿ’ ಅಂತ ಮಾತ್ರ ಇತ್ತು.

ಅದಕ್ಕೇ ಅರ್ಜಿ ಬರೆಸುವಾಗಲೇ ಪರಿಹಾರ, ಕೋರ್ಟ್ ಖರ್ಚು, ಸಿಬಿಲ್ (ಸಾಲದ ದಾಖಲೆ) ತಿದ್ದುಪಡಿ ಎಲ್ಲವನ್ನೂ ಬೇರೆ ಬೇರೆಯಾಗಿ ಕೇಳಿ. ಒಂದು ಸಿಕ್ಕರೂ ಉಳಿದವಕ್ಕೆ ಕೇಸ್ ಜೀವಂತ ಇರುತ್ತದೆ. ಮರೆತಿದ್ದರೆ ತಿದ್ದುಪಡಿ ಅರ್ಜಿ ಹಾಕಿಸಿ, ಆದರೆ ಪತ್ರ ಕೈಗೆ ಬರುವ ಮುಂಚೆಯೇ. ಬ್ರಾಂಚಿನಲ್ಲಿ ಸಹಿ ಕೇಳಿದರೆ ಸುಮ್ನೆ ಹಾಕಬೇಡಿ, ‘ಇನ್ನು ಯಾವ ತಕರಾರೂ ಇಲ್ಲ’ ಅನ್ನುವ ಸಾಲು ಇದ್ದರೆ ಹೊಡೆದು ಹಾಕಿ, ‘ಪರಿಹಾರದ ಹಕ್ಕು ಕಾಯ್ದಿರಿಸಿ ಪಡೆದಿದ್ದೇನೆ’ ಅಂತ ಕೈಯಲ್ಲೇ ಬರೆದು, ತಾರೀಖು ಹಾಕಿ, ಫೋಟೊ ತೆಗೆದುಕೊಳ್ಳಿ. ಮ್ಯಾನೇಜರ್ ಮುಖ ಸಿಂಡರಿಸಬಹುದು, ಪರವಾಗಿಲ್ಲ.

ಸಾಲ ಬಾಕಿಗೆ ಬ್ಯಾಂಕ್ ಮನೆ ಹರಾಜು ಹಾಕುವ ಕೇಸಲ್ಲಿ ಕಥೆ ಉಲ್ಟಾ. ಸ್ಟೇ ಸಿಗದಿದ್ದರೆ ಮನೆ ಮಾರಾಟವಾಗಿ ‘ಹರಾಜು ತಡೆಯಿರಿ’ ಅನ್ನುವ ಕೋರಿಕೆಯೇ ಸತ್ತುಹೋಗುತ್ತದೆ. ಆಮೇಲೆ ಮಾರಾಟವನ್ನೇ ಪ್ರಶ್ನಿಸಬೇಕು, ಕೊಂಡವರನ್ನೂ ಪಾರ್ಟಿ ಮಾಡಬೇಕು. ಅಸಲಿಗೆ ಸರ್ಫೇಸಿ (ಬಾಕಿ ಸಾಲಕ್ಕೆ ಅಡವಿಟ್ಟ ಆಸ್ತಿಯನ್ನು ಬ್ಯಾಂಕೇ ವಶಪಡಿಸಿಕೊಂಡು ಮಾರಲು ಬಿಡುವ ಕಾನೂನು) ಕ್ರಮಕ್ಕೆ ಹೈಕೋರ್ಟ್‌ಗಿಂತ ಮೊದಲು ಡಿಆರ್‌ಟಿ (ಸಾಲ ವಸೂಲಾತಿ ನ್ಯಾಯಮಂಡಳಿ) ಬಾಗಿಲು, ಅದೂ ಆ ಕ್ರಮದ 45 ದಿನದೊಳಗೆ. 2010ರ ಸತ್ಯವತಿ ಟಂಡನ್ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ಇದನ್ನು ಖಡಾಖಂಡಿತವಾಗಿ ಹೇಳಿದೆ. ಖಾಸಗಿ ಬ್ಯಾಂಕಾದರೆ ರಿಟ್ ನಿಲ್ಲುವುದೇ ಕಷ್ಟ.

ಕೊನೆಗೆ ಬ್ಯಾಂಕಿನವರ ಮೆಮೊ ಬಂದೇ ಬಂತು ಅನ್ನಿ. ಪರಿಹಾರಕ್ಕೆ ಬೇರೆ ಕಡೆ ಹೋಗಲು ಅವಕಾಶ ಉಳಿಸಿ ಅಂತ ನಿಮ್ಮ ವಕೀಲರು ಅಲ್ಲೇ ಕೇಳಲಿ. ಆದೇಶದ ಪ್ರತಿ ಬಂದ ದಿನವೇ ಓದಿ, ಆ ಸಾಲು ಬಿಟ್ಟುಹೋಗಿದ್ದರೆ ಅವತ್ತೇ ವಕೀಲರಿಗೆ ಫೋನ್ ಮಾಡಿ.