ಹಾಂಗ್‌ಕಾಂಗ್‌ನಲ್ಲಿ ಒಂದು ದಿನದ ವಿಂಗ್ ಚುನ್ ಪಾಠ: ಗುದ್ದು ಆಮೇಲೆ, ಮೊದಲು ನಿಲ್ಲುವುದನ್ನು ಕಲಿಯಿರಿ

ಹಾಂಗ್‌ಕಾಂಗ್‌ಗೆ ಹೋದವರು ಸಮುದ್ರದ ದಂಡೆಯಲ್ಲಿರುವ ಬ್ರೂಸ್ ಲೀ ಪ್ರತಿಮೆಯ ಮುಂದೆ ಒಂದು ಫೋಟೊ ತೆಗೆಸಿಕೊಳ್ಳದೆ ಬರುವುದಿಲ್ಲ. ಆದರೆ ಬ್ರೂಸ್ ಲೀ ಹುಡುಗನಾಗಿದ್ದಾಗ ಕಲಿತ ವಿದ್ಯೆಯನ್ನು ಅದೇ ಊರಿನಲ್ಲಿ ಇವತ್ತಿಗೂ ಕಲಿಸುತ್ತಾರೆ, ಒಂದೇ ದಿನಕ್ಕೆ ಬಂದವರನ್ನೂ ಸೇರಿಸಿಕೊಳ್ಳುತ್ತಾರೆ ಅನ್ನುವುದು ಎಷ್ಟೋ ಜನರಿಗೆ ಗೊತ್ತಿಲ್ಲ. ಆ ವಿದ್ಯೆಯ ಹೆಸರು ವಿಂಗ್ ಚುನ್, ಕುಂಗ್ ಫುವಿನ ಒಂದು ಪದ್ಧತಿ. ಚೀನಾದ ಫೋಶಾನ್‌ನಿಂದ ಬಂದ ಗುರು ಇಪ್ ಮ್ಯಾನ್ 1950ರಲ್ಲಿ ಹೋಟೆಲ್ ಕೆಲಸಗಾರರ ಸಂಘವೊಂದರಲ್ಲಿ ಇದನ್ನು ಕಲಿಸಲು ಶುರು ಮಾಡಿದರು. ಅವರು 1972ರಲ್ಲಿ ತೀರಿಕೊಂಡರು. ಅವರ ಶಿಷ್ಯರು, ಶಿಷ್ಯರ ಶಿಷ್ಯರು ಊರ ತುಂಬ ಇದ್ದಾರೆ.

ನಾನು ಕೆಲಸದ ಮೇಲೆ ಕೆಲವು ವರ್ಷ ಹಾಂಗ್‌ಕಾಂಗ್‌ನ ಕೌಲೂನ್‌ನಲ್ಲಿದ್ದೆ, ಅಲ್ಲೇ ಇದನ್ನು ಕಲಿತೆ. ಊರಿಂದ ಬಂದ ಸ್ನೇಹಿತರನ್ನು, ನೆಂಟರನ್ನು ಪಾಠಕ್ಕೆ ಕರೆದುಕೊಂಡು ಹೋಗಿದ್ದೇನೆ. ಬಹುಪಾಲು ಎಲ್ಲರೂ ಒಂದೇ ಜಾಗದಲ್ಲಿ ಎಡವಿದ್ದನ್ನು ನೋಡಿದ್ದೇನೆ: ನಿಲುವಿನಲ್ಲಿ. ಹತ್ತು ನಿಮಿಷಕ್ಕೇ ಬೇಜಾರಾಗಿ "ಗುದ್ದುವುದು ಯಾವಾಗ?" ಅಂತ ಕೇಳುತ್ತಾರೆ. ಕಾಲು ನೆಲಕ್ಕೆ ಕೂರದೆ ಗುದ್ದು ಕಲಿತರೆ ಅದು ಸುಮ್ನೆ ಕೈ ಬೀಸುವುದಾಗುತ್ತದೆ, ಅಷ್ಟೆ. ಅದಕ್ಕೇ ಈ ಲೇಖನ.

1. ಹೊರಡುವ ಮೊದಲು

ಭಾರತದ ಪಾಸ್‌ಪೋರ್ಟ್ ಇದ್ದವರು ಹಾಂಗ್‌ಕಾಂಗ್‌ಗೆ ಆನ್‌ಲೈನ್‌ನಲ್ಲಿ ಮುಂಚಿತವಾಗಿ ನೋಂದಣಿ ಮಾಡಿಕೊಳ್ಳಬೇಕು. ಅದಕ್ಕೆ ಶುಲ್ಕವಿಲ್ಲ, 14 ದಿನದವರೆಗೆ ಇರಬಹುದು. ಪ್ರವಾಸದ ಕೊನೆಯ ದಿನಕ್ಕೆ ಪಾಠ ಇಟ್ಟುಕೊಳ್ಳಬೇಡಿ, ಎರಡನೇ ಅಥವಾ ಮೂರನೇ ದಿನಕ್ಕೆ ಇಡಿ. ಮಳೆಗಾಲದಲ್ಲಿ ಚಂಡಮಾರುತದ 8ನೇ ನಂಬರಿನ ಎಚ್ಚರಿಕೆ ಹಾಕಿದರೆಂದರೆ ಊರೇ ಬಾಗಿಲು ಹಾಕಿಕೊಳ್ಳುತ್ತದೆ, ಪಾಠವೂ ಇರುವುದಿಲ್ಲ. ಮುಂದೆ ದಿನ ಉಳಿದಿದ್ದರೆ ಬೇರೆ ದಿನ ಹೋಗಬಹುದು.

2. ಗುರು ಯಾರು, ಪಾಠ ಎಂಥದು ಅಂತ ವಿಚಾರಿಸಿ

ಕುಂಗ್ ಫು ಕಲಿಸುವ ಮನೆಗೆ ಅಲ್ಲಿನ ಕ್ಯಾಂಟನೀಸ್ ಭಾಷೆಯಲ್ಲಿ ಮೋ-ಗುನ್ ಅನ್ನುತ್ತಾರೆ, ನಮ್ಮ ಗರಡಿಮನೆ ಇದ್ದ ಹಾಗೆ. ಹೋಗುವ ಒಂದು ವಾರ ಮೊದಲೇ ಮೆಸೇಜ್ ಮಾಡಿ ಮೂರು ವಿಷಯ ಕೇಳಿ. ಒಂದು ದಿನಕ್ಕೆ ಬರುವ ಹೊಸಬರನ್ನು ಸೇರಿಸಿಕೊಳ್ಳುತ್ತೀರಾ? ಇಂಗ್ಲಿಷ್‌ನಲ್ಲಿ ಹೇಳಿಕೊಡುವವರು ಯಾರಾದರೂ ಇರುತ್ತಾರಾ? ದಿನಾ ಬರುವ ವಿದ್ಯಾರ್ಥಿಗಳ ಜೊತೆಗೇ ನಿಲ್ಲಿಸುತ್ತೀರಾ ಅಥವಾ ಪ್ರವಾಸಿಗರಿಗೆ ಬೇರೆಯಾ?

ಮೂರನೆಯದು ಬಹಳ ಮುಖ್ಯ. ದಿನಾ ಬರುವವರ ಜೊತೆ ನಿಲ್ಲಿಸುವ ಜಾಗಕ್ಕೇ ಹೋಗಿ. ಒಮ್ಮೆ ನನ್ನ ತಂಗಿ, ಭಾವ ಬಂದಿದ್ದಾಗ ಅವಸರದಲ್ಲಿ ಪ್ರವಾಸಿಗರ ಪ್ಯಾಕೇಜ್ ಒಂದಕ್ಕೆ ದುಡ್ಡು ಕಟ್ಟಿದೆವು. ಮುಕ್ಕಾಲು ಗಂಟೆಯಲ್ಲಿ ಅರ್ಧ ಸಮಯ ಮಿರುಗುವ ಅಂಗಿ ತೊಡಿಸಿ, ಅಭ್ಯಾಸಕ್ಕೆ ಇಟ್ಟ ಮರದ ಬೊಂಬೆಯ ಮೇಲೆ ಕೈ ಇಡಿಸಿ ಫೋಟೊ ತೆಗೆಯುವುದರಲ್ಲೇ ಹೋಯಿತು. ಕಾಲು ಎಲ್ಲಿಡಬೇಕು ಅಂತ ಒಬ್ಬರೂ ಹೇಳಲಿಲ್ಲ. ಜಾಹೀರಾತಿನಲ್ಲಿ ಬಟ್ಟೆ, ಸರ್ಟಿಫಿಕೇಟ್, ಫೋಟೊ ಬಗ್ಗೆ ಜಾಸ್ತಿ ಬರೆದಿದ್ದು ಗುರುವಿನ ಬಗ್ಗೆ ಏನೂ ಇಲ್ಲದಿದ್ದರೆ ಆ ಕಡೆ ಹೋಗಲೇಬೇಡಿ.

3. ಬಟ್ಟೆ, ಶೂ, ಹೊಟ್ಟೆ

ಹತ್ತಿಯ ಟೀ ಶರ್ಟ್, ಸಡಿಲ ಪ್ಯಾಂಟ್ ಸಾಕು. ಜೀನ್ಸ್ ಬೇಡ. ರಾತ್ರಿ ಮಾರ್ಕೆಟ್‌ನಲ್ಲಿ ರೇಷ್ಮೆ ಅಂತ ಮಾರುವ ಕುಂಗ್ ಫು ಸೂಟ್ ತಗೋಬೇಡಿ. ಹೆಚ್ಚಿನವು ಪಾಲಿಯೆಸ್ಟರ್, ಆ ಸೆಕೆಯಲ್ಲಿ ಮೈಗೆ ಅಂಟಿಕೊಳ್ಳುತ್ತವೆ.

ಶೂ ವಿಷಯದಲ್ಲಿ ಮಾತ್ರ ಹಟ ಮಾಡಿ. ಓಡುವ ಶೂ ಹಾಕಿಕೊಂಡು ಬರಬೇಡಿ. ಅದರ ಹಿಮ್ಮಡಿ ದಪ್ಪ, ಅಡಿಯ ರಬ್ಬರ್ ನೆಲವನ್ನು ಕಚ್ಚಿ ಹಿಡಿಯುತ್ತದೆ. ವಿಂಗ್ ಚುನ್‌ನಲ್ಲಿ ಪಾದವನ್ನು ನೆಲದ ಮೇಲೆ ತಿರುಗಿಸಬೇಕು. ಪಾದ ತಿರುಗದೆ ಮೈ ಮಾತ್ರ ತಿರುಗಿದರೆ ಆ ತಿರುಚು ಹೋಗಿ ಮೊಣಕಾಲಿಗೆ ಬೀಳುತ್ತದೆ. ತೆಳು ಅಡಿಯ ಕ್ಯಾನ್ವಾಸ್ ಶೂ ಒಳ್ಳೆಯದು. ಕೆಲವು ಕಡೆ ಬರಿಗಾಲಲ್ಲೂ ಬಿಡುತ್ತಾರೆ, ಕೇಳಿ ನೋಡಿ.

ಪಾಠಕ್ಕೆ ಎರಡು ಗಂಟೆ ಮೊದಲೇ ಊಟ ಮುಗಿಸಿ.

4. ಒಳಗೆ ಹೋಗುವುದು

ಈ ಮನೆಗಳು ಎಷ್ಟೋ ಸಲ ಹಳೆಯ ಕಟ್ಟಡಗಳ ಮೇಲಿನ ಮಹಡಿಯಲ್ಲಿರುತ್ತವೆ. ಎರಡು ಅಂಗಡಿಗಳ ನಡುವೆ ಒಂದು ಇಕ್ಕಟ್ಟಾದ ಮೆಟ್ಟಿಲು, ಪಕ್ಕದಲ್ಲಿ ಚಿಕ್ಕ ಬೋರ್ಡು, ಅಷ್ಟೇ ಗುರುತು. ಹದಿನೈದು ನಿಮಿಷ ಮೊದಲೇ ಹೋಗಿ ಹುಡುಕಿಕೊಳ್ಳಿ.

ಗುರುವನ್ನು ಸಿಫು ಅನ್ನಿ, ಹೆಸರು ಹಿಡಿದು ಕರೆಯಬೇಡಿ. ನಿಮಗಿಂತ ಮೊದಲು ಸೇರಿದ ಗಂಡಸು ನಿಮಗೆ ಸಿ-ಹಿಂಗ್, ಅಂದರೆ ಅಣ್ಣ. ಹೆಂಗಸು ಸಿ-ಜೆ, ಅಂದರೆ ಅಕ್ಕ. ಇಲ್ಲಿ ಲೆಕ್ಕಕ್ಕೆ ಬರುವುದು ವಯಸ್ಸಲ್ಲ, ಯಾರು ಮೊದಲು ಸೇರಿದರು ಅನ್ನುವುದು. ನಿಮಗೆ ಐವತ್ತು, ಆ ಹುಡುಗನಿಗೆ ಇಪ್ಪತ್ತು ಆದರೂ ಅವನೇ ಅಣ್ಣ. ನಮಸ್ಕಾರ ಹೇಗೆ ಅಂದರೆ, ಬಲಗೈ ಮುಷ್ಟಿ ಕಟ್ಟಿ, ಎಡ ಅಂಗೈಯನ್ನು ಅದಕ್ಕೆ ತಾಗಿಸಿ ಎದೆಯ ಮುಂದೆ ಹಿಡಿಯುವುದು. ಕೈ ಅದಲು ಬದಲು ಮಾಡಬೇಡಿ.

ಮೊಣಕಾಲು, ಸೊಂಟ, ಬೆನ್ನಿನ ತೊಂದರೆ ಏನಿದ್ದರೂ ಶುರುವಿಗೆ ಮೊದಲೇ ಹೇಳಿಬಿಡಿ. ಸಂಕೋಚಪಟ್ಟು ಸುಮ್ಮನಿದ್ದು, ಆಮೇಲೆ ಮೂರು ದಿನ ಹೋಟೆಲ್‌ನಲ್ಲಿ ಮಲಗಿದವರನ್ನು ನಾನು ನೋಡಿದ್ದೇನೆ.

5. ನಿಲುವು: ಇಲ್ಲಿ ನಿಧಾನ ಮಾಡಿ

ಈ ನಿಲುವಿನ ಹೆಸರು ಯೀ ಜೀ ಕಿಮ್ ಯಂಗ್ ಮಾ. ಕುರಿಯನ್ನು ಅಮುಕಿ ಹಿಡಿಯುವ ನಿಲುವು ಅಂತ ಅರ್ಥ. ಕುರಿಗೆ ಔಷಧಿ ಕುಡಿಸುವವರು ಅದನ್ನು ಎರಡು ಮೊಣಕಾಲಿನ ನಡುವೆ ಹಿಡಿದು ನಿಲ್ಲುವುದನ್ನು ನೋಡಿದ್ದೀರಲ್ವಾ? ಅದೇ. ಜಾಸ್ತಿ ಒತ್ತಿದರೆ ಕುರಿ ಒದ್ದಾಡುತ್ತದೆ, ಸಡಿಲ ಬಿಟ್ಟರೆ ಓಡಿಹೋಗುತ್ತದೆ. ಆ ಎರಡರ ನಡುವಿನ ಬಿಗಿ ನಿಮ್ಮ ತೊಡೆಯ ಒಳಭಾಗದಲ್ಲಿ ಇರಬೇಕು.

ಎರಡೂ ಪಾದ ಜೋಡಿಸಿ ನೆಟ್ಟಗೆ ನಿಲ್ಲಿ. ಮುಷ್ಟಿ ಕಟ್ಟಿ, ಎರಡೂ ಕೈಯನ್ನು ಎದೆಯ ಪಕ್ಕಕ್ಕೆ ಎಳೆದುಕೊಳ್ಳಿ. ಈಗ ಮೊಣಕಾಲು ಬಾಗಿಸಿ ಸ್ವಲ್ಪ ಕೆಳಗೆ ಇಳಿಯಿರಿ. ಎಷ್ಟು ಇಳಿದಿದ್ದೀರೋ ನಿಮ್ಮ ತಲೆ ಇನ್ನು ಕೊನೆಯವರೆಗೂ ಅದೇ ಎತ್ತರದಲ್ಲಿರಬೇಕು. ಸಿಫು "ಹೋಯ್ ಮಾ" ಅನ್ನುತ್ತಾರೆ, ಅಂದರೆ ನಿಲುವು ತೆರೆಯಿರಿ. ಹಿಮ್ಮಡಿಯ ಮೇಲೆ ಪಾದ ತಿರುಗಿಸಿ, ಬೆರಳುಗಳು ಹೊರಕ್ಕೆ ಹೋಗಲಿ. ಆಮೇಲೆ ಬೆರಳಿನ ಬುಡದ ಮೇಲೆ ತಿರುಗಿಸಿ, ಹಿಮ್ಮಡಿಗಳು ಹೊರಕ್ಕೆ ಹೋಗಲಿ. ಮುಗಿಯಿತು. ಈಗ ಬೆರಳುಗಳು ಸ್ವಲ್ಪ ಒಳಗೆ ನೋಡುತ್ತಿರುತ್ತವೆ, ಹಿಮ್ಮಡಿಗಳ ನಡುವಿನ ಅಂತರ ಬೆರಳುಗಳ ನಡುವಿನ ಅಂತರಕ್ಕಿಂತ ಜಾಸ್ತಿ. ಚೀನೀ ಲಿಪಿಯಲ್ಲಿ ಎರಡು ಅನ್ನುವ ಅಕ್ಷರ ಹೀಗೇ ಇರುತ್ತದೆ, ಮೇಲೆ ಗಿಡ್ಡ ಗೆರೆ, ಕೆಳಗೆ ಉದ್ದ ಗೆರೆ. ಹೆಸರಿನ ಮೊದಲಲ್ಲಿರುವ ಯೀ ಅಂದರೆ ಆ ಎರಡೇ.

ಹೇಳಲು ಇಷ್ಟೇ. ಮಾಡುವಾಗ ಏನಾಗುತ್ತದೆ ನೋಡಿ.

ಪಾದ ತಿರುಗಿಸುವಾಗ ಎಲ್ಲರೂ ಮೇಲೆ ಏಳುತ್ತಾರೆ. ಬಾಗಿದ ಕಾಲಲ್ಲಿ ತಿರುಗಿಸುವುದು ಕಷ್ಟ ಅಂತ ಕಾಲು ನೆಟ್ಟಗೆ ಮಾಡಿ, ತಿರುಗಿಸಿ, ಮತ್ತೆ ಬಾಗುತ್ತಾರೆ. ಹಾಗೆ ಮಾಡಿದರೆ ಅಳತೆ ತಪ್ಪುತ್ತದೆ. ಎಷ್ಟು ಇಳಿಯುತ್ತೀರೋ ಅದರ ಮೇಲೆ ಪಾದಗಳ ನಡುವಿನ ಅಂತರ ನಿಮ್ಮ ಮೈಗೆ ತಕ್ಕ ಹಾಗೆ ತಾನಾಗಿ ಬರುತ್ತದೆ, ಅದಕ್ಕೇ ಹೀಗೆ ತೆರೆಯುವುದು. ಪಕ್ಕದವರನ್ನು ನೋಡಿ ಅಷ್ಟೇ ದೂರಕ್ಕೆ ಕಾಲು ಹಾಕಿಕೊಳ್ಳುವುದು ಅಡ್ಡದಾರಿ, ಬೇಡ.

ಎರಡನೆಯದು ಮೊಣಕಾಲು. ಅಮುಕಿ ಹಿಡಿಯಿರಿ ಅಂದ ಕೂಡಲೇ ಎರಡೂ ಮೊಣಕಾಲು ಒಂದಕ್ಕೊಂದು ತಾಗುವ ಹಾಗೆ ಒಳಕ್ಕೆ ಬೀಳಿಸುತ್ತಾರೆ. ಇದು ನಿಜಕ್ಕೂ ಅಪಾಯ. ಪಾದದ ಬೆರಳು ಯಾವ ಕಡೆ ನೋಡುತ್ತಿದೆಯೋ ಮೊಣಕಾಲಿನ ಚಿಪ್ಪೂ ಅದೇ ಕಡೆ ನೋಡಬೇಕು, ಅದಕ್ಕಿಂತ ಒಳಗೆ ಹೋಗಬಾರದು. ಒಳಕ್ಕೆ ತಿರುಗಬೇಕಾದ್ದು ತೊಡೆಯ ಬುಡದಿಂದ. ಮೊಣಕಾಲಿನ ಒಳಪಕ್ಕ ಚುಚ್ಚಿದ ಹಾಗಾದರೆ ಬೆರಳುಗಳನ್ನು ಸ್ವಲ್ಪ ಬಿಡಿಸಿಕೊಳ್ಳಿ. ಯಾವ ಕೋನ ಅನ್ನುವುದರಲ್ಲಿ ಒಂದೊಂದು ಮನೆತನದ್ದು ಒಂದೊಂದು ಪದ್ಧತಿ, ನಿಮ್ಮ ಮುಂದಿರುವ ಸಿಫು ಹೇಳಿದ್ದನ್ನು ಮಾಡಿ.

ಮೂರನೆಯದು ಸೊಂಟ. ಯೋಗ, ಜಿಮ್ ಮಾಡಿದವರು ಇಲ್ಲಿ ಜಾಸ್ತಿ ತಪ್ಪುತ್ತಾರೆ. ಕುರ್ಚಿಗೆ ಕೂರುವವರ ಹಾಗೆ ಹಿಂಭಾಗ ಹಿಂದಕ್ಕೆ ಹೋಗಿ, ಎದೆ ಮುಂದಕ್ಕೆ ಬರುತ್ತದೆ. ಬೆನ್ನುಮೂಳೆಯ ತುದಿಯನ್ನು ಒಳಕ್ಕೆ ಸೇರಿಸಿ, ಸೊಂಟ ಮುಂದಕ್ಕೆ ತನ್ನಿ. ಆಗ ತೊಡೆ ಉರಿಯಲು ಶುರುವಾಗುತ್ತದೆ. ಸಿಫು ಬಂದು ನಿಮ್ಮ ಎದೆಯನ್ನು ಅಂಗೈಯಿಂದ ಮೆಲ್ಲಗೆ ಒತ್ತಿ ನೋಡಬಹುದು. ಸೊಂಟ ಸರಿಯಿದ್ದರೆ ಆ ಒತ್ತು ಬೆನ್ನಿನಲ್ಲಿ ನಿಲ್ಲದೆ ಹಿಮ್ಮಡಿಗೆ, ನೆಲಕ್ಕೆ ಇಳಿಯುವುದು ನಿಮಗೇ ಗೊತ್ತಾಗುತ್ತದೆ. ನನಗೆ ಇದು ಮೊದಲ ಸಲ ಗೊತ್ತಾದ ದಿನ ಆದ ಖುಷಿ ಇನ್ನೂ ನೆನಪಿದೆ. ಅವರು ಒತ್ತದಿದ್ದರೆ ನೀವೇ ಕೇಳಿ.

ಭುಜ ಕಿವಿಯ ಹತ್ತಿರ ಬಂದಿರುತ್ತದೆ, ಇಳಿಸಿ. "ಫೋಂಗ್ ಸುಂಗ್" ಅನ್ನುವ ಮಾತು ಪಾಠದ ತುಂಬ ಕೇಳಿಸುತ್ತದೆ. ಬಿಗಿ ಬಿಡಿ ಅಂತ ಅರ್ಥ. ಉಸಿರು ತನ್ನಷ್ಟಕ್ಕೆ ಆಡಲಿ.

6. ಮೊಣಕೈ

ಈಗ ಸಿಯು ನಿಮ್ ತಾವ್ ಹೇಳಿಕೊಡುತ್ತಾರೆ. ಇದು ವಿಂಗ್ ಚುನ್‌ನ ಮೊದಲ ಪಾಠ, ಪುಟ್ಟ ಯೋಚನೆ ಅಂತ ಅರ್ಥ. ಇದರಲ್ಲಿ ಒಂದು ಹೆಜ್ಜೆಯೂ ಇಲ್ಲ, ನಿಂತಲ್ಲೇ ಕೈ ಆಡಿಸುವುದು. ಒಂದು ದಿನದಲ್ಲಿ ಪೂರ್ತಿ ಕಲಿಯಲು ಹೋಗಬೇಡಿ, ಮೊದಲ ಭಾಗದ ಒಂದು ತುಣುಕು ಸಾಕು.

ಎಡಗೈಯಿಂದ ಶುರು. ಅಂಗೈ ಮೇಲೆ ಮಾಡಿ, ಎದೆಯ ನಡುಗೆರೆಯ ಮೇಲೆ ಬಹಳ ನಿಧಾನವಾಗಿ ಮುಂದಕ್ಕೆ ಕಳಿಸಿ. ಇದು ತಾನ್ ಸಾವ್. ಮೊಣಕೈ ಎದೆಯಿಂದ ಒಂದು ಮುಷ್ಟಿಯಷ್ಟು ದೂರ ಬಂದಾಗ ನಿಲ್ಲಿಸಿ. ಮಣಿಕಟ್ಟು ಸುತ್ತಿಸಿ, ಅಂಗೈಯನ್ನು ಅಡ್ಡ ನಿಲ್ಲಿಸಿ ಎದೆಯ ಕಡೆಗೆ ವಾಪಸ್ ತನ್ನಿ, ಅದು ವೂ ಸಾವ್. ಆಮೇಲೆ ಮಣಿಕಟ್ಟು ಬಾಗಿಸಿ, ಬೆರಳುಗಳನ್ನು ಒಳಕ್ಕೆ ಮಡಿಸಿದ ಹಾಗೆ ಮತ್ತೆ ಮುಂದಕ್ಕೆ ಕಳಿಸಿ, ಇದು ಫುಕ್ ಸಾವ್. ಫುಕ್ ಸಾವ್, ವೂ ಸಾವ್ ಹೀಗೆ ಮೂರು ಸಲ. ಅದಕ್ಕೇ ಈ ತುಣುಕನ್ನು ಬುದ್ಧನಿಗೆ ಮೂರು ನಮಸ್ಕಾರ ಅಂತಲೂ ಕರೆಯುತ್ತಾರೆ.

ಫುಕ್ ಸಾವ್‌ನಲ್ಲಿ ಮೊಣಕೈ ಹೊರಕ್ಕೆ ಓಡುತ್ತದೆ, ಯಾರದ್ದೂ ಮೊದಲ ದಿನ ನಡುಗೆರೆಗೆ ಬರುವುದಿಲ್ಲ. ಬರಲಿ ಅಂತ ಭುಜ ಎತ್ತಿ ಎಳೆಯಬೇಡಿ. ಎಷ್ಟು ಬರುತ್ತದೋ ಅಷ್ಟಕ್ಕೆ ನಿಲ್ಲಿಸಿ, ಆದರೆ ನಿಧಾನ ಬಿಡಬೇಡಿ. ಕೈಯನ್ನು ಮೊಣಕೈ ತಳ್ಳಬೇಕು, ಮುಷ್ಟಿ ಎಳೆಯಬಾರದು. ಬೇಗ ಮಾಡಿದರೆ ಈ ವ್ಯತ್ಯಾಸ ಗೊತ್ತೇ ಆಗುವುದಿಲ್ಲ. ನಿಧಾನವಾಗಿ ಮಾಡಿದರೆ ಹತ್ತೇ ನಿಮಿಷದಲ್ಲಿ ಗೊತ್ತಾಗುತ್ತದೆ.

7. ಗುದ್ದು, ಬೊಂಬೆ, ಉಳಿದದ್ದು

ಒಂದರ ಹಿಂದೆ ಒಂದು ಬಿಡದೆ ಗುದ್ದುವುದನ್ನು ಹೇಳಿಕೊಡುತ್ತಾರೆ, ಅದು ಸುಲಭ, ಮಜಾ ಇದೆ. ಮರದ ಬೊಂಬೆಯನ್ನು ಕೇಳದೆ ಮುಟ್ಟಬೇಡಿ. ಅದರ ಸರದಿ ಬರುವುದು ಬರಿಗೈ ಪಾಠಗಳೆಲ್ಲ ಒಂದು ಹಂತಕ್ಕೆ ಬಂದ ಮೇಲೆ, ಮೊದಲ ದಿನ ಹೊಡೆದರೆ ಮುಂಗೈ ನೀಲಿಗಟ್ಟುವುದು ಬಿಟ್ಟು ಬೇರೇನೂ ಆಗುವುದಿಲ್ಲ. ಅದರ ಬದಲು ಕೊನೆಯ ಐದು ನಿಮಿಷ ಸಿ-ಹಿಂಗ್ ಒಬ್ಬರ ಜೊತೆ ಚೀ ಸಾವ್ ಮಾಡಿಸಿ ಅಂತ ಕೇಳಿ. ಇಬ್ಬರೂ ಮುಂಗೈಗೆ ಮುಂಗೈ ಅಂಟಿಸಿ ಉರುಳಿಸುವ ಆಟ ಅದು. ನೀವು ತಳ್ಳಬೇಡಿ, ಸುಮ್ನೆ ತಾಗಿಸಿಕೊಂಡಿರಿ. ಮೊಣಕೈ ಯಾಕೆ ಒಳಗಿರಬೇಕು ಅಂತ ಇಷ್ಟು ಹೊತ್ತು ಹೇಳಿದ್ದು ಆಗ ನಿಮ್ಮ ಕೈಗೇ ತಿಳಿಯುತ್ತದೆ.

8. ಹೊರಡುವಾಗ

ನಗದು ಇಟ್ಟುಕೊಂಡಿರಿ, ಚಿಕ್ಕ ಜಾಗಗಳಲ್ಲಿ ಕಾರ್ಡ್ ನಡೆಯದೇ ಇರಬಹುದು. ನೀರು ಕೊಟ್ಟವರಿಗೆ, ಬಾಗಿಲು ಹಿಡಿದವರಿಗೆ "ಮ್-ಗೋಯ್" ಅನ್ನಿ. ಉಡುಗೊರೆ ಕೊಟ್ಟವರಿಗೆ ಹೇಳುವ ಧನ್ಯವಾದ ಬೇರೆ, ಅದು "ದೋ ಜೆ". ವಿದ್ಯೆ ಕೊಟ್ಟ ಸಿಫುಗೆ ನಾನು ಯಾವಾಗಲೂ "ದೋ ಜೆ, ಸಿಫು" ಅನ್ನುತ್ತಿದ್ದೆ. ವಿಡಿಯೊ ಬೇಕಿದ್ದರೆ ಅವರನ್ನು ಕೇಳಿ, ನಿಮ್ಮ ನಿಲುವನ್ನು ಮಾತ್ರ, ಒಂದು ಸಲ ಮುಂದಿನಿಂದ, ಒಂದು ಸಲ ಪಕ್ಕದಿಂದ ತೆಗೆಸಿಕೊಳ್ಳಿ. ಪಕ್ಕದಿಂದ ತೆಗೆದದ್ದರಲ್ಲಿ ಸೊಂಟ ಕಾಣುತ್ತದೆ.

ಮಾರನೆಯ ದಿನ ತೊಡೆಯ ಒಳಭಾಗ ನೋಯುತ್ತದೆ, ಅದು ಸರಿಯಾದ ನೋವು. ಮೊಣಕಾಲು ನೋಯ್ದರೆ ಬೆರಳುಗಳನ್ನು ತೀರ ಒಳಕ್ಕೆ ತಿರುಗಿಸಿದ್ದೀರಿ ಅಂತ ಲೆಕ್ಕ, ಎರಡು ದಿನ ಬಿಟ್ಟು ಕಡಿಮೆ ಕೋನದಲ್ಲಿ ನಿಂತು ನೋಡಿ. ರೂಮಿನಲ್ಲಿ ಕನ್ನಡಿ ಇರುತ್ತದಲ್ಲ, ಅದರ ಮುಂದೆ ಪಾದ ಜೋಡಿಸಿ, ಇಳಿದು, ತಲೆ ಮೇಲೇಳದ ಹಾಗೆ ಎರಡು ಸಲ ತಿರುಗಿಸಿ, ಬೆಳಿಗ್ಗೆ ಐದು ನಿಮಿಷ ನಿಲ್ಲಿ. ಎಡಗೈ ಒಮ್ಮೆ, ಬಲಗೈ ಒಮ್ಮೆ. ಆಮೇಲೆ ತಿಂಡಿಗೆ ಹೋಗಿ.