ಓಲ್ಗಾ ಕೊರ್ಬುಟ್ ಸಾಕ್ಷ್ಯಚಿತ್ರಗಳನ್ನು ನೋಡುವ ಬಗೆ

ಶಿರಸಿಯ ಮಳೆಗಾಲದಲ್ಲಿ ಮೈದಾನ ಕೆಸರಾದಾಗ, ಸೋವಿಯತ್ ಜಿಮ್ನಾಸ್ಟ್ ಓಲ್ಗಾ ಕೊರ್ಬುಟ್ ಕಾಣಿಸಿಕೊಳ್ಳುವ ಸಾಕ್ಷ್ಯಚಿತ್ರಗಳನ್ನು ಮಕ್ಕಳಿಗೆ ತೋರಿಸಬಹುದು. ಆದರೆ ವಿದ್ಯುತ್ ಕೈಕೊಡುವ ಸಂಭವವಿರುವುದರಿಂದ ಲ್ಯಾಪ್‌ಟಾಪನ್ನು ಮೊದಲೇ ಚಾರ್ಜ್ ಮಾಡಿಡಿ.

ಇಂಥ ಚಿತ್ರಗಳಲ್ಲಿ ಸಂಕಲನಕಾರರು ದೃಶ್ಯಗಳನ್ನು ಭಾವಕ್ಕೆ ತಕ್ಕಂತೆ ಹಿಂದೆ ಮುಂದೆ ಮಾಡುವುದುಂಟಾದ್ದರಿಂದ, 1972ರ ಮ್ಯೂನಿಕ್ ಒಲಿಂಪಿಕ್ಸ್‌ನ ನಿಜವಾದ ಅನುಕ್ರಮವನ್ನು ಮೊದಲು ಕಪ್ಪುಹಲಗೆಯ ಮೇಲೆ ಬರೆಯಿರಿ: ತಂಡ ಸ್ಪರ್ಧೆಯ ಚಿನ್ನ, ಆಗಸ್ಟ್ 30ರ ವೈಯಕ್ತಿಕ ಸಮಗ್ರ ಸ್ಪರ್ಧೆಯಲ್ಲಿ ಅಸಮಾನ ಸರಳುಗಳ (ಎತ್ತರ-ತಗ್ಗಿನ ಎರಡು ಅಡ್ಡ ಸರಳುಗಳ) ಮೇಲೆ ಎಡವಿ 7.5 ಅಂಕ, ಕಣ್ಣೀರು, ಏಳನೆಯ ಸ್ಥಾನ; ಮರುದಿನ ಬೀಮ್ (ಸಮತೋಲನದ ಕಿರಿದಾದ ಅಡ್ಡದಿಮ್ಮಿ) ಮತ್ತು ನೆಲದ ವ್ಯಾಯಾಮದಲ್ಲಿ ಚಿನ್ನ, ಸರಳುಗಳಲ್ಲಿ ಬೆಳ್ಳಿ. ಹದಿನೇಳರ ಹುಡುಗಿಯ ಅಳುವನ್ನೇ ಕ್ಯಾಮೆರಾ ಹೆಚ್ಚು ಪ್ರೀತಿಸಿತೆಂಬುದು ನನ್ನ ಅನಿಸಿಕೆ.

ಎತ್ತರದ ಸರಳಿನ ಮೇಲೆ ನಿಂತು ಹಿಮ್ಮುಖವಾಗಿ ಪಲ್ಟಿ ಹೊಡೆದು ಅದನ್ನೇ ಮತ್ತೆ ಹಿಡಿಯುವ ‘ಕೊರ್ಬುಟ್ ಫ್ಲಿಪ್’ ಬಂದಾಗ ಚಿತ್ರವನ್ನು ನಿಲ್ಲಿಸಿ, ನಿಧಾನಗತಿಯಲ್ಲಿ ಎರಡು ಸಲ ತೋರಿಸಿ. ಅಪಾಯದ ಕಾರಣ ಸರಳಿನ ಮೇಲೆ ನಿಲ್ಲುವುದು ಮುಂದೆ ನಿಷಿದ್ಧವಾಯಿತೆಂದೂ, ಯಾರೂ ಅನುಕರಿಸಬಾರದೆಂದೂ ಹೇಳಿ. ಸಂಗೀತದ ಅಬ್ಬರವಿದ್ದರೆ ಧ್ವನಿ ತಗ್ಗಿಸಿ, ಪಾದಗಳನ್ನು ಗಮನಿಸಲು ಸೂಚಿಸಿ. 1976ರ ಮಾಂಟ್ರಿಯಲ್ ದೃಶ್ಯಗಳಿದ್ದರೆ ಕೊನೆಗಿಡಿ. ಅಲ್ಲಿ ಆಕೆಗೆ ತಂಡದ ಚಿನ್ನವೂ ಬೀಮ್‌ನ ಬೆಳ್ಳಿಯೂ ಬಂದರೂ ಕ್ಯಾಮೆರಾಗಳು ರೊಮೇನಿಯಾದ ಜಿಮ್ನಾಸ್ಟ್ ನಾಡಿಯಾ ಕೊಮನೇಚಿಯತ್ತ ಹೊರಳಿದ್ದವು.