ವಿನ್‌ಕ್ರಿಸ್ಟಿನ್ ಪಡೆಯುವ ಮಗುವಿನ ನರಗಳ ಮೇಲೆ ಮನೆಯಲ್ಲಿ ಕಣ್ಣಿಡುವುದು ಹೇಗೆ

ಮಕ್ಕಳಿಗೆ ಬರುವ ಬ್ಲಡ್ ಕ್ಯಾನ್ಸರ್‌ಗಳಲ್ಲಿ ಎ.ಎಲ್.ಎಲ್. (ಅಕ್ಯೂಟ್ ಲಿಂಫೋಬ್ಲಾಸ್ಟಿಕ್ ಲ್ಯುಕೇಮಿಯಾ) ಹೆಚ್ಚು. ಅದರ ಮೊದಲ ಹಂತದ ಚಿಕಿತ್ಸೆಯಲ್ಲಿ ಸಾಮಾನ್ಯವಾಗಿ ವಾರಕ್ಕೊಮ್ಮೆ ವಿನ್‌ಕ್ರಿಸ್ಟಿನ್ ಇಂಜೆಕ್ಷನ್ ಇರುತ್ತದೆ. ಕೋಶ ಎರಡಾಗಲು ಬೇಕಾದ ಸೂಕ್ಷ್ಮ ಕೊಳವೆಗಳನ್ನು ಈ ಔಷಧಿ ಕಟ್ಟಗೊಡುವುದಿಲ್ಲ. ನರದ ಎಳೆಯೊಳಗೆ ಸಾಗಾಟ ನಡೆಯುವುದೂ ಅಂಥದೇ ಕೊಳವೆಗಳ ಮೇಲೆ. ಹಾಗಾಗಿ ಉದ್ದನೆಯ ನರಗಳು ಮೊದಲು ಸೊರಗುತ್ತವೆ: ಪಾದ, ಆಮೇಲೆ ಕೈಬೆರಳು. ಕರುಳಿನ ನರಗಳಿಗೂ ಪೆಟ್ಟು ಬೀಳುತ್ತದೆ.

ಡೋಸ್ ಕಡಿಮೆ ಮಾಡಬೇಕೇ, ಒಂದು ವಾರ ಬಿಡಬೇಕೇ ಎಂದು ವೈದ್ಯರು ತೀರ್ಮಾನಿಸುವುದು ಮುಂದಿನ ಇಂಜೆಕ್ಷನ್‌ಗೆ ಮುನ್ನ. ಆದ್ದರಿಂದ ಹಿಂದಿನ ದಿನ ಸಂಜೆಯೇ ಮಗುವನ್ನು ಪರೀಕ್ಷಿಸಿ, ದಿನಾಂಕ ಹಾಕಿ ಬರೆದಿಡಿ. ಬರಿಗಾಲಲ್ಲಿ ಹಿಮ್ಮಡಿಯ ಮೇಲೆ ಹತ್ತು ಹೆಜ್ಜೆ ನಡೆಸಿ. ಮುಂಗಾಲು ಮೇಲೇಳದೆ ನೆಲಕ್ಕೆ ತಾಗಿದರೆ ಪಾದ ಎತ್ತುವ ಸ್ನಾಯು ಸೋಲುತ್ತಿದೆ. ಅಂಗಿಯ ಗುಂಡಿ ಹಾಕಲು, ನೆಲದ ಮೇಲಿನ ನಾಣ್ಯ ಎತ್ತಲು ಹೇಳಿ. ರೆಪ್ಪೆ ಜೋತುಬಿದ್ದಿದೆಯೇ, ದನಿ ಒಡೆದಿದೆಯೇ ನೋಡಿ. ಎರಡು-ಮೂರು ವರ್ಷದ ಮಗು ಜೋಮು ಎಂದು ಬಾಯಿಬಿಟ್ಟು ಹೇಳುವುದಿಲ್ಲ; ನಡೆಯುತ್ತಿದ್ದದ್ದು ಎತ್ತಿಕೋ ಎಂದು ಹಟ ಹಿಡಿಯುತ್ತದೆ, ಪದೇ ಪದೇ ಎಡವುತ್ತದೆ. ಅದನ್ನು ಸೋಮಾರಿತನ ಎಂದು ಗದರಬೇಡಿ.

ಅತಿ ಹೆಚ್ಚು ಕಾಡುವುದು ಮಲಬದ್ಧತೆ. ಇದರಲ್ಲಿ ಕಾದು ನೋಡುವುದು ತಪ್ಪು. ಲ್ಯಾಕ್ಟುಲೋಸ್ ಅಥವಾ ಪಾಲಿಎಥಿಲೀನ್ ಗ್ಲೈಕಾಲ್ ಪುಡಿಯನ್ನು ಮಗುವಿನ ತೂಕಕ್ಕೆ ತಕ್ಕಂತೆ ಮೊದಲ ಇಂಜೆಕ್ಷನ್ನಿನ ದಿನವೇ ಬರೆಸಿಕೊಳ್ಳಿ. ಎರಡು ದಿನ ಮಲ ಹೋಗದಿದ್ದರೆ ಆಸ್ಪತ್ರೆಗೆ ಫೋನ್ ಮಾಡಿ. ಹೊಟ್ಟೆ ಉಬ್ಬಿ ವಾಂತಿಯೂ ಆದರೆ ಕರುಳು ಸ್ತಬ್ಧವಾಗಿರಬಹುದು, ಕೂಡಲೇ ಹೊರಡಿ. ಎನಿಮಾ ಬೇಡ, ಗುದದ್ವಾರಕ್ಕೆ ಇಡುವ ಮಾತ್ರೆ ಬೇಡ, ಹರಳೆಣ್ಣೆಯೂ ಬೇಡ. ಬಿಳಿ ರಕ್ತಕಣ ಕಡಿಮೆಯಿರುವಾಗ ಗುದದ್ವಾರದ ಸಣ್ಣ ಗೀರಿನಿಂದಲೇ ಸೋಂಕು ರಕ್ತಕ್ಕೆ ಸೇರುತ್ತದೆ.

ಇಂಜೆಕ್ಷನ್ ಆದ ಒಂದೆರಡು ದಿನಗಳಲ್ಲಿ ದವಡೆ ನೋಯುವುದುಂಟು. ಮೆತ್ತಗಿನ ಅನ್ನ, ಗಂಜಿ ಕೊಡಿ. ಪ್ಯಾರಸಿಟಮಾಲ್ ಜ್ವರವನ್ನು ಮರೆಮಾಚುತ್ತದೆ. ಮೊದಲು ಥರ್ಮಾಮೀಟರ್ ಇಟ್ಟು, ವೈದ್ಯರನ್ನು ಕೇಳಿ ಕೊಡಿ. ಐಬುಪ್ರೊಫೆನ್ ಕೊಡಬೇಡಿ, ಪ್ಲೇಟ್ಲೆಟ್ ಕಡಿಮೆಯಿದ್ದಾಗ ರಕ್ತಸ್ರಾವಕ್ಕೆ ದಾರಿಯಾಗುತ್ತದೆ.

ಇದ್ದಕ್ಕಿದ್ದಂತೆ ನರದ ತೊಂದರೆ ಜೋರಾದರೆ ಬೇರೆ ಮಾತ್ರೆಗಳ ಕಡೆ ನೋಡಿ. ವಿನ್‌ಕ್ರಿಸ್ಟಿನ್ ಅನ್ನು ಯಕೃತ್ತು ಒಡೆದು ಹೊರಹಾಕುತ್ತದೆ. ಇಟ್ರಕೊನಜೋಲ್, ವೊರಿಕೊನಜೋಲ್, ಪೊಸಕೊನಜೋಲ್ ಎಂಬ ಶಿಲೀಂಧ್ರದ ಔಷಧಿಗಳು ಆ ಕೆಲಸಕ್ಕೇ ಅಡ್ಡ ಬರುತ್ತವೆ. ಆಗ ಸರಿಯಾದ ಡೋಸೂ ಹೆಚ್ಚಿನ ಡೋಸಿನಂತೆ ಕಾಡುತ್ತದೆ. ಚರ್ಮದ ಹುಳುಕಡ್ಡಿಗೆ ಊರಿನ ಕ್ಲಿನಿಕ್ಕಿನಲ್ಲಿ ಇಟ್ರಕೊನಜೋಲ್ ಬರೆದುಕೊಡುವುದು ಸಾಮಾನ್ಯ. ನುಂಗಿಸುವ ಮೊದಲು ಕ್ಯಾನ್ಸರ್ ವೈದ್ಯರಿಗೆ ಹೆಸರು ಓದಿ ಹೇಳಿ. ನರಕ್ಕೆ ಒಳ್ಳೆಯದೆಂದು ವಿಟಮಿನ್ ಮಾತ್ರೆಯನ್ನೂ ತರಬೇಡಿ: ಬಿ6 ಅತಿಯಾದರೆ ಅದೇ ನರಕ್ಕೆ ವಿಷ, ಬಿ ಕಾಂಪ್ಲೆಕ್ಸ್‌ನಲ್ಲಿ ಸೇರಿರಬಹುದಾದ ಫೋಲಿಕ್ ಆಸಿಡ್, ಇದೇ ಚಿಕಿತ್ಸೆಯ ಇನ್ನೊಂದು ಔಷಧಿಯಾದ ಮೆಥೋಟ್ರೆಕ್ಸೇಟ್ ಕೆಲಸಕ್ಕೆ ಅಡ್ಡ. ವಿನ್‌ಕ್ರಿಸ್ಟಿನ್ ನಿತ್ಯಪುಷ್ಪದ ಗಿಡದಿಂದಲೇ ಬಂದದ್ದು ನಿಜ. ಹಾಗೆಂದು ಅದರ ಎಲೆಯ ಕಷಾಯ ಕುಡಿಸಿದರೆ ಅಳತೆಯಿಲ್ಲದ ವಿಷ ಕೊಟ್ಟಂತೆ.

ಪಾದ ಸೋತ ಮಗುವಿಗೆ ಹವಾಯಿ ಚಪ್ಪಲಿ ಬದಲು ಹಿಂದೆ ಪಟ್ಟಿಯಿರುವ ಚಪ್ಪಲಿ ಕೊಡಿಸಿ. ಕಾಲು ಚಾಚಿ ಕೂರಿಸಿ, ಟವೆಲನ್ನು ಪಾದಕ್ಕೆ ಸುತ್ತಿ ಮಗುವಿನ ಮೈ ಕಡೆಗೆ ಮೆಲ್ಲಗೆ ಎಳೆದು ಅರ್ಧ ನಿಮಿಷ ಹಿಡಿಯಿರಿ. ಇಲ್ಲವಾದರೆ ಹಿಮ್ಮಡಿಯ ಸ್ನಾಯುರಜ್ಜು ಬಿಗಿದು ಮಗು ತುದಿಗಾಲಲ್ಲೇ ನಡೆಯಲು ಕಲಿಯುತ್ತದೆ. ಪಾದವನ್ನು ಎತ್ತಿ ಹಿಡಿಯುವ ಕಾಲಿನ ಪಟ್ಟಿ ಬೇಕೇ ಎಂದು ಫಿಸಿಯೋಥೆರಪಿಸ್ಟ್ ಹೇಳುತ್ತಾರೆ. ಸ್ನಾನದ ನೀರಿನ ಬಿಸಿ ದೊಡ್ಡವರೇ ನೋಡಬೇಕು. ಮನೆಯಲ್ಲಿ ಯಾರಿಗಾದರೂ ಕಮಾನಿನಂತೆ ಬಾಗಿದ ಪಾದ, ಸಣಕಲು ಮೀನಖಂಡ ಇದ್ದರೆ ಮೊದಲ ಡೋಸಿಗೆ ಮುನ್ನವೇ ತಿಳಿಸಿ. ಆನುವಂಶಿಕ ನರರೋಗವಿರುವವರಿಗೆ ಈ ಔಷಧಿ ತೀವ್ರ ಹಾನಿ ಮಾಡುತ್ತದೆ.

ವಿನ್‌ಕ್ರಿಸ್ಟಿನ್ ರಕ್ತನಾಳಕ್ಕೆ ಮಾತ್ರ. ತಪ್ಪಿ ಬೆನ್ನಿಗೆ, ಅಂದರೆ ಬೆನ್ನುಹುರಿಯ ಸುತ್ತಲಿನ ದ್ರವಕ್ಕೆ ಹೋದರೆ ಸಾವು ಬಹುತೇಕ ಖಚಿತ. ಸಿರಿಂಜಿನ ಬದಲು ಸಣ್ಣ ಸಲೈನ್ ಚೀಲದಲ್ಲಿ ಕೊಡಬೇಕು ಎಂದು ವಿಶ್ವ ಆರೋಗ್ಯ ಸಂಸ್ಥೆ ಹೇಳಿರುವುದು ಇದಕ್ಕಾಗಿಯೇ. ಬೆನ್ನಿನ ಇಂಜೆಕ್ಷನ್ ಅದೇ ದಿನವಿದ್ದರೆ ಎರಡನ್ನೂ ಬೇರೆ ಬೇರೆ ಹೊತ್ತಿನಲ್ಲಿ ಕೊಡುತ್ತಾರೆಯೇ ಎಂದು ಕೇಳಿ. ಕೇಳುವುದಕ್ಕೆ ಸಂಕೋಚ ಬೇಡ.

ಬೆನ್ನಿಗೆ ಮೆಥೋಟ್ರೆಕ್ಸೇಟ್ ಕೊಟ್ಟ 2ರಿಂದ 14 ದಿನಗಳೊಳಗೆ ಮಾತು ತೊದಲಿದರೆ, ಒಂದು ಕಡೆಯ ಕೈಕಾಲು ಸೋತರೆ, ಮಂಕು ಕವಿದರೆ ತಡಮಾಡದೆ ಆಸ್ಪತ್ರೆಗೆ ಒಯ್ಯಿರಿ. ಹೆಚ್ಚಿನ ಮಕ್ಕಳು ಚೇತರಿಸಿಕೊಳ್ಳುತ್ತಾರೆ. ಇದೇ ಚಿಕಿತ್ಸೆಯ ಮತ್ತೊಂದು ಔಷಧಿ ಆಸ್ಪರಜಿನೇಸ್ ನಡೆಯುತ್ತಿರುವಾಗ ಬಿಡದ ತಲೆನೋವು, ವಾಂತಿ ಬಂದರೆ ಮಿದುಳಿನ ರಕ್ತನಾಳದಲ್ಲಿ ರಕ್ತ ಹೆಪ್ಪುಗಟ್ಟಿರಬಹುದು. ಫಿಟ್ಸ್ ಬಂದರೆ ಪಕ್ಕಕ್ಕೆ ಹೊರಳಿಸಿ ಮಲಗಿಸಿ, ಬಾಯಿಗೆ ಏನನ್ನೂ ತುರುಕಬೇಡಿ; ಕೈಗೆ ಕಬ್ಬಿಣ ಕೊಡುವುದರಲ್ಲಿ ಹೊತ್ತು ಕಳೆಯಬೇಡಿ.

ದೂರದ ಜಿಲ್ಲೆಯಿಂದ ಬೆಂಗಳೂರಿಗೆ ಬಂದು ಹೋಗುವವರು ಫೈಲಿನ ಮೊದಲ ಹಾಳೆಯಲ್ಲಿ ಕೊನೆಯ ಇಂಜೆಕ್ಷನ್‌ಗಳ ಹೆಸರು, ದಿನಾಂಕ, ಇತ್ತೀಚಿನ ರಕ್ತಕಣಗಳ ಕೌಂಟ್, ವಾರ್ಡಿನ ಫೋನ್ ನಂಬರ್ ಬರೆದಿಡಿ. ರಾತ್ರಿ ತಾಲ್ಲೂಕು ಆಸ್ಪತ್ರೆಗೆ ಓಡಬೇಕಾಗಿ ಬಂದರೆ ಅಲ್ಲಿನ ವೈದ್ಯರ ಕೈಗೆ ಮೊದಲು ಆ ಹಾಳೆಯನ್ನೇ ಕೊಡಿ.